ಬೆನ್ನಿನ ಎಕ್ಸ್-ರೇಯಲ್ಲಿ ಕಂಡ ಬಿಳಿ ಗೆರೆ

ನಮ್ಮ ಚಿಕ್ಕಪ್ಪನಿಗೆ ಸೊಂಟ ಹಿಡಿದುಕೊಂಡಿತ್ತು. ತಿಪಟೂರಿನ ಕೊಬ್ಬರಿ ಮಂಡಿಯಲ್ಲಿ ಮೂವತ್ತು ವರ್ಷ ಕೂತು ಲೆಕ್ಕ ಬರೆದವರು. ಈಗ ಅರವತ್ತಾರು ವಯಸ್ಸು. ಆಸ್ಪತ್ರೆಗೆ ಹೋಗಿ ಎಕ್ಸ್-ರೇ ತೆಗೆಸಿದರು. ಡಾಕ್ಟರು ಮೂಳೆ ನೋಡಿ, "ಸವೆತ ಅಷ್ಟೇ, ಭಾರ ಎತ್ತಬೇಡಿ" ಅಂದು ಮಾತ್ರೆ, ಮುಲಾಮು ಬರೆದುಕೊಟ್ಟರು. ಹತ್ತು ದಿನಕ್ಕೆ ನೋವು ಹೋಯಿತು. ರಿಪೋರ್ಟು ಕವರಿನ ಸಮೇತ ಬೀರು ಸೇರಿತು.

ಆ ರಿಪೋರ್ಟಿನ ಕೊನೆಯಲ್ಲಿ ಇನ್ನೊಂದು ಸಾಲಿತ್ತು. ಹೊಟ್ಟೆ ಭಾಗದ ಅಯೋರ್ಟಾದ ಗೋಡೆಯಲ್ಲಿ ಕ್ಯಾಲ್ಸಿಫಿಕೇಷನ್ ಕಾಣುತ್ತಿದೆ ಅಂತ. ಅದನ್ನು ಯಾರೂ ಅವರಿಗೆ ಓದಿ ಹೇಳಿರಲಿಲ್ಲ. ಮೂರು ತಿಂಗಳ ನಂತರ ಬೇರೇನೋ ಹುಡುಕುವಾಗ ಅವರ ಮಗನ ಕೈಗೆ ಸಿಕ್ಕಿತು. ಫೋನಿನಲ್ಲಿ ನೋಡಿ, "ರಕ್ತನಾಳದಲ್ಲಿ ಕ್ಯಾಲ್ಸಿಯಂ ಕಟ್ಟಿದೆಯಂತೆ ಅಪ್ಪ" ಅಂದ. ಮಾರನೇ ದಿನದಿಂದ ಚಿಕ್ಕಪ್ಪ ರಾಗಿ ಮುದ್ದೆ ಬಿಟ್ಟರು. ಹಾಲು ಬಿಟ್ಟರು. ಎಲೆ ಅಡಿಕೆಗೆ ಸುಣ್ಣ ಹಚ್ಚೋದನ್ನೂ ಬಿಟ್ಟರು.

ಚಿಕ್ಕಮ್ಮ ನನಗೆ ಫೋನ್ ಮಾಡಿದರು. "ರಾತ್ರಿ ಬರೀ ಅನ್ನ ತಿಂದು ಮಲಗ್ತಾರೆ. ಶುಗರ್ ಬೇರೆ ಇದೆ. ನೀನಾದ್ರೂ ಒಂದು ಮಾತು ಹೇಳು."

ಭಾನುವಾರ ಹೋದೆ. ಫಿಲ್ಮನ್ನು ಟ್ಯೂಬ್‌ಲೈಟಿಗೆ ಹಿಡಿದು ಎಲ್ಲರೂ ನೋಡಿದೆವು. ಪಕ್ಕದಿಂದ ತೆಗೆದ ಚಿತ್ರ. ಬೆನ್ನಿನ ಮೂಳೆಗಳು ಒಂದರ ಮೇಲೊಂದು ಕೂತಿದ್ದವು. ಅವುಗಳ ಮುಂದೆ, ಸ್ವಲ್ಪ ಅಂತರದಲ್ಲಿ ಎರಡು ಬಿಳಿ ಗೆರೆ. ಬಳಪದಲ್ಲಿ ಎಳೆದು ಅಲ್ಲಲ್ಲಿ ಅಳಿಸಿದ ಹಾಗೆ. ರಕ್ತನಾಳ ಮೆತ್ತನೆಯ ವಸ್ತು, ಮಾಮೂಲಿ ಎಕ್ಸ್-ರೇಯಲ್ಲಿ ಹೀಗೆ ಗೆರೆ ಹೊಡೆದ ಹಾಗೆ ಕಾಣುವುದಿಲ್ಲ. ಕಾಣುತ್ತಿದೆ ಅಂದರೆ ಅದರ ಗೋಡೆಯಲ್ಲಿ ಮೂಳೆಯಲ್ಲಿರುವಂಥದೇ ಖನಿಜ ಸೇರಿದೆ.

ಅದೇ ಹೊತ್ತಿಗೆ ಚಿಕ್ಕಪ್ಪ ಬಿ.ಪಿ. ಮಾತ್ರೆಯನ್ನು ನೆನಪಾದಾಗ ಮಾತ್ರ ತಗೊಳ್ಳುತ್ತಿದ್ದರು. ದಿನಕ್ಕೆ ಏಳೆಂಟು ಬೀಡಿ ಹಾಗೇ ನಡೆದಿತ್ತು. ಬಿಡಬೇಕಾದ್ದು ಉಳಿದಿತ್ತು, ಉಳಿಯಬೇಕಾದ್ದು ಹೋಗಿತ್ತು. ಇದು ಅವರೊಬ್ಬರ ತಪ್ಪು ಅಂತ ನನಗೆ ಅನಿಸುವುದಿಲ್ಲ. ಆ ಒಂದು ಸಾಲಿನ ಅರ್ಥ ಹೇಳೋರು ಯಾರೂ ಇರಲಿಲ್ಲ, ಅಷ್ಟೇ.

2025ರ ಮೇ ಕೊನೆಯಿಂದ ಜೂನ್ ಪೂರ್ತಿ ಹಾಸನ ಜಿಲ್ಲೆಯಿಂದ ಹೃದಯಾಘಾತದ ಸುದ್ದಿ ಒಂದರ ಹಿಂದೆ ಒಂದು ಬಂದಿದ್ದು ನಿಮಗೆ ನೆನಪಿರಬೇಕು. ಸುಮಾರು 40 ದಿನದಲ್ಲಿ 20ಕ್ಕೂ ಹೆಚ್ಚು ಸಾವು ಎಂಬ ಲೆಕ್ಕ ಪತ್ರಿಕೆಗಳಲ್ಲಿ ಬಂತು. ಅವರಲ್ಲಿ ಇಪ್ಪತ್ತು, ಮೂವತ್ತರ ಹರೆಯದವರೂ ಇದ್ದರು. ಸರ್ಕಾರ ಜಯದೇವ ಹೃದ್ರೋಗ ಸಂಸ್ಥೆಯ ನಿರ್ದೇಶಕರ ನೇತೃತ್ವದಲ್ಲಿ ಸಮಿತಿ ಮಾಡಿತು. ಬೆಂಗಳೂರು, ಮೈಸೂರಿನ ಜಯದೇವ ಆಸ್ಪತ್ರೆಗಳ ಮುಂದೆ ತಪಾಸಣೆಗೆ ಸಾಲುಗಟ್ಟಿ ಜನ ನಿಂತರು. 2021ರ ಅಕ್ಟೋಬರ್‌ನಲ್ಲಿ ಪುನೀತ್ ರಾಜ್‌ಕುಮಾರ್ 46ನೇ ವಯಸ್ಸಿಗೇ ತೀರಿಕೊಂಡಾಗಲೂ ಹೀಗೇ ಆಗಿತ್ತು. ಭಯ ಬಂದಾಗ ಸ್ಕ್ಯಾನ್‌ಗೆ ಓಡುತ್ತೇವೆ. ನನ್ನ ಮಾತು ಇಷ್ಟೇ. ನಮ್ಮಲ್ಲಿ ಎಷ್ಟೋ ಮನೆಗಳ ಬೀರುಗಳಲ್ಲಿ ಹೃದಯದ ಬಗ್ಗೆ ಸುಳಿವು ಕೊಡುವ ಹಳೇ ರಿಪೋರ್ಟುಗಳು ಈಗಾಗಲೇ ಇವೆ. ಬೆನ್ನಿಗೆ ಅಂತ, ಕಿಡ್ನಿ ಕಲ್ಲಿಗೆ ಅಂತ, ಕೆಮ್ಮಿಗೆ ಅಂತ ತೆಗೆಸಿದವು. ಅವನ್ನು ಮೊದಲು ಓದಿಸಬೇಕು.

ಒಂದು ಮೊಳ ಉದ್ದದ ನಾಳ

ಅಯೋರ್ಟಾ ಅಂದರೆ ಮಹಾಪಧಮನಿ. ಹೃದಯದ ಎಡಗಡೆಯ ಕೆಳಕೋಣೆಯಿಂದ ಹೊರಟು, ಮೇಲೆ ಹೋಗಿ, ಊರುಗೋಲಿನ ಹಿಡಿಯ ಹಾಗೆ ಬಾಗಿ, ಬೆನ್ನುಮೂಳೆಯ ಮುಂದೆ ಇಳಿಯುತ್ತದೆ. ಹೆಚ್ಚುಕಡಿಮೆ ಹೊಕ್ಕುಳಿನ ಮಟ್ಟದಲ್ಲಿ ಎರಡಾಗಿ ಒಡೆದು ಕಾಲುಗಳ ಕಡೆ ಹೋಗುತ್ತದೆ. ಒಟ್ಟು ಉದ್ದ ಸುಮಾರು ಒಂದು ಮೊಳ. ದಪ್ಪ ತೋಟಕ್ಕೆ ನೀರು ಬಿಡುವ ಪೈಪಿನಷ್ಟು, ಎರಡು ಮೂರು ಸೆಂಟಿಮೀಟರ್. ಮೆದುಳಿಗೆ, ಕೈಗೆ, ಕರುಳಿಗೆ, ಕಿಡ್ನಿಗೆ ಹೋಗುವ ಎಲ್ಲ ದಾರಿಗಳೂ ಇದರಿಂದಲೇ ಕವಲೊಡೆಯುತ್ತವೆ. ಹೃದಯಕ್ಕೇ ರಕ್ತ ಕೊಡುವ ಎರಡು ಕರೋನರಿ ನಾಳಗಳು ಇದರ ಬುಡದಲ್ಲೇ ಹುಟ್ಟುತ್ತವೆ.

ಅಯೋರ್ಟಾ ಸುಮ್ನೆ ರಕ್ತ ಸಾಗಿಸುವ ಕೊಳವೆ ಅಂತ ಅಂದುಕೊಂಡರೆ ಅದರ ಮುಖ್ಯ ಕೆಲಸವೇ ತಪ್ಪಿಹೋಗುತ್ತದೆ. ಅದು ಹಿಗ್ಗುತ್ತದೆ. ಹೃದಯ ಒಂದು ಬಡಿತಕ್ಕೆ ಸುಮಾರು 70 ಮಿ.ಲೀ. ರಕ್ತವನ್ನು ಜೋರಾಗಿ ತಳ್ಳುತ್ತದೆ. ಅಷ್ಟೂ ಒಂದೇ ಸಲ ಮುಂದೆ ಹೋಗುವುದಿಲ್ಲ. ಹತ್ತಿರ ಹತ್ತಿರ ಅರ್ಧದಷ್ಟನ್ನು ಅಯೋರ್ಟಾ ತನ್ನ ಗೋಡೆ ಹಿಗ್ಗಿಸಿ ಒಳಗೇ ಇಟ್ಟುಕೊಳ್ಳುತ್ತದೆ. ಹೃದಯ ಸಡಿಲಗೊಂಡಾಗ ಗೋಡೆ ಮತ್ತೆ ಕುಗ್ಗಿ, ಆ ರಕ್ತವನ್ನು ನಿಧಾನವಾಗಿ ಮುಂದೆ ಬಿಡುತ್ತದೆ. ಅದಕ್ಕೇ ಹೃದಯ ನಿಂತು ನಿಂತು ತಳ್ಳಿದರೂ ಬೆರಳ ತುದಿಗೆ ರಕ್ತ ಒಂದೇ ಸಮನೆ ಹರಿಯುತ್ತದೆ. ದಿನಕ್ಕೆ ಸುಮಾರು ಒಂದು ಲಕ್ಷ ಸಲ ಈ ಹಿಗ್ಗುವುದು ಕುಗ್ಗುವುದು ನಡೆಯುತ್ತದೆ.

ಗೋಡೆಗೆ ಕ್ಯಾಲ್ಸಿಯಂ ಸೇರಿ ಗಡುಸಾದರೆ ಹಿಗ್ಗುವ ಶಕ್ತಿ ಹೋಗುತ್ತದೆ. ಚಿಕ್ಕಪ್ಪನ ಬಿ.ಪಿ. ಚೀಟಿಯಲ್ಲಿ ಇದು ಎದ್ದು ಕಾಣುತ್ತಿತ್ತು. 168, ಕೆಳಗೆ 66. "ಮೇಲಿನದು ಸ್ವಲ್ಪ ಜಾಸ್ತಿ, ಕೆಳಗಿನದು ಚೆನ್ನಾಗಿದೆಯಲ್ಲ" ಅಂತ ಅವರು ಸಮಾಧಾನ ಮಾಡಿಕೊಂಡಿದ್ದರು. ತುಂಬಾ ಜನ ಹೀಗೇ ಅಂದುಕೊಳ್ಳುತ್ತಾರೆ. ನಿಜ ಏನೆಂದರೆ, ಆ ಎರಡು ಸಂಖ್ಯೆಗಳ ನಡುವಿನ ಅಂತರವೇ ಸುದ್ದಿ. ಆರೋಗ್ಯವಂತರಲ್ಲಿ ಅದು 40ರ ಆಸುಪಾಸು. ವಯಸ್ಸಾದವರಲ್ಲಿ 60 ದಾಟಿದರೆ ದೊಡ್ಡ ನಾಳಗಳು ಗಡುಸಾಗಿವೆ ಎಂದು ವೈದ್ಯರು ಅನುಮಾನಿಸುತ್ತಾರೆ. ಇವರದು 102.

ಯಾಕೆ ಹೀಗೆ? ಗೋಡೆ ಹಿಗ್ಗದಿದ್ದಾಗ ಹೃದಯ ತಳ್ಳಿದ ರಕ್ತ ಪೂರ್ತಿ ರಭಸದಿಂದ ನುಗ್ಗುತ್ತದೆ, ಮೇಲಿನ ಸಂಖ್ಯೆ ಏರುತ್ತದೆ. ಒಳಗೆ ಹಿಡಿದಿಟ್ಟ ರಕ್ತ ಕಡಿಮೆಯಾದ್ದರಿಂದ ಹೃದಯ ಸಡಿಲಗೊಂಡಾಗ ಒತ್ತಡ ಬೇಗ ಬಿದ್ದುಹೋಗುತ್ತದೆ, ಕೆಳಗಿನ ಸಂಖ್ಯೆ ಇಳಿಯುತ್ತದೆ. ಹೃದಯದ ಕಷ್ಟ ಇಲ್ಲಿ ಎರಡು ಪಟ್ಟು. ಎದುರಿನ ಒತ್ತಡ ಜಾಸ್ತಿ ಇರುವುದರಿಂದ ಅದು ಹೆಚ್ಚು ದುಡಿಯಬೇಕು, ಅದರ ಸ್ನಾಯು ದಪ್ಪವಾಗುತ್ತದೆ. ಆದರೆ ಕರೋನರಿ ನಾಳಗಳಿಗೆ ರಕ್ತ ಮುಖ್ಯವಾಗಿ ಹರಿಯುವುದು ಹೃದಯ ಸಡಿಲಗೊಂಡಾಗ. ಆ ಹೊತ್ತಿಗೇ ಒತ್ತಡ ಕುಸಿದಿರುತ್ತದೆ. ದುಡಿಮೆ ಜಾಸ್ತಿ, ಊಟ ಕಡಿಮೆ. ಕರೋನರಿ ನಾಳದಲ್ಲಿ ಒಂದು ಬ್ಲಾಕೂ ಇಲ್ಲದಿದ್ದರೂ ಗಡುಸಾದ ಅಯೋರ್ಟಾ ಹೃದಯವನ್ನು ದಣಿಸುವುದು ಹೀಗೆ.

ಇದನ್ನು ಅಳೆಯುವ ಉಪಾಯವೂ ಇದೆ. ನಾಡಿಯ ಅಲೆ ಕತ್ತಿನಿಂದ ತೊಡೆಸಂದಿಗೆ ಎಷ್ಟು ವೇಗವಾಗಿ ತಲುಪುತ್ತದೆ ಅಂತ ನೋಡುತ್ತಾರೆ. ಮೃದುವಾದ ನಾಳದಲ್ಲಿ ಅಲೆ ನಿಧಾನ, ಗಡುಸಾದ ನಾಳದಲ್ಲಿ ಜೋರು. ಸೆಕೆಂಡಿಗೆ 10 ಮೀಟರ್ ದಾಟಿದರೆ ಅಯೋರ್ಟಾ ಗಡುಸಾಗಿದೆ ಅಂತ ಲೆಕ್ಕ. ಈ ಯಂತ್ರ ಎಲ್ಲ ಕಡೆ ಸಿಗುವುದಿಲ್ಲ. ಬಿ.ಪಿ. ಯಂತ್ರ ಸಿಗುತ್ತದೆ.

ಬೋರ್‌ವೆಲ್ ಪೈಪಿನ ಹೋಲಿಕೆ ಯಾಕೆ ತಪ್ಪು

ನಮ್ಮ ಕಡೆ ಬೋರ್‌ವೆಲ್ ನೀರು ಗಡಸು. ಗೀಸರಿನ ಕಾಯಿಲ್ ಬಿಚ್ಚಿದರೆ ಬಿಳಿ ಪದರ ಕಟ್ಟಿರುತ್ತದೆ. ನಲ್ಲಿ ಬಾಯಿ ಕಟ್ಟಿಕೊಳ್ಳುತ್ತದೆ. ಹಾಗಾಗಿ 'ನಾಳದಲ್ಲಿ ಕ್ಯಾಲ್ಸಿಯಂ' ಅಂದ ತಕ್ಷಣ ಎಲ್ಲರ ಕಣ್ಣಿಗೂ ಅದೇ ಚಿತ್ರ ಬರುತ್ತದೆ. ರಕ್ತದಲ್ಲಿ ಕ್ಯಾಲ್ಸಿಯಂ ಜಾಸ್ತಿಯಾಗಿ, ಹರಿಯುತ್ತಾ ಹರಿಯುತ್ತಾ ಗೋಡೆಗೆ ಅಂಟಿಕೊಂಡಿದೆ ಅಂತ. ಚಿಕ್ಕಪ್ಪ ಮುದ್ದೆ ಬಿಟ್ಟಿದ್ದೂ ಇದೇ ಲೆಕ್ಕದಿಂದ. ಈ ಒಂದು ಹೋಲಿಕೆ ಎಷ್ಟು ತಪ್ಪು ನಿರ್ಧಾರಗಳಿಗೆ ದಾರಿ ಮಾಡಿದೆ ಅಂದರೆ, ಇದನ್ನು ಸ್ವಲ್ಪ ಬಿಡಿಸಿ ಹೇಳಲೇಬೇಕು.

ನಮ್ಮ ದೇಹದಲ್ಲಿ ಸುಮಾರು ಒಂದು ಕೆ.ಜಿ. ಕ್ಯಾಲ್ಸಿಯಂ ಇದೆ. ಅದರಲ್ಲಿ ಶೇ. 99 ಮೂಳೆ, ಹಲ್ಲುಗಳಲ್ಲಿ. ರಕ್ತದಲ್ಲಿರುವುದು ತೀರಾ ಕಡಿಮೆ, 100 ಮಿ.ಲೀ.ಗೆ 8.5ರಿಂದ 10.5 ಮಿ.ಗ್ರಾಂ. ಈ ಮಟ್ಟವನ್ನು ದೇಹ ಬಹಳ ಬಿಗಿಯಾಗಿ ಕಾಯುತ್ತದೆ. ಕತ್ತಿನಲ್ಲಿರುವ ಪ್ಯಾರಾಥೈರಾಯ್ಡ್ ಗ್ರಂಥಿಗಳು, ವಿಟಮಿನ್ ಡಿ, ಕಿಡ್ನಿ ಮೂರೂ ಸೇರಿ ನೋಡಿಕೊಳ್ಳುತ್ತವೆ. ಆರೋಗ್ಯವಂತರು ಎರಡು ಮುದ್ದೆ ತಿಂದ ಮಾತ್ರಕ್ಕೆ ಆ ಸಂಖ್ಯೆ ಗೆರೆ ದಾಟುವುದಿಲ್ಲ.

ಕ್ಯಾಲ್ಸಿಯಂ ಸೇರುವುದು ನಾಳದ ಒಳಮೈ ಮೇಲಲ್ಲ, ಗೋಡೆಯ ಒಳಗೆ. ಅದಕ್ಕೆ ಎರಡು ದಾರಿ. ಮೊದಲನೆಯದು ಕೊಬ್ಬಿನ ದಾರಿ. ಕೆಟ್ಟ ಕೊಲೆಸ್ಟರಾಲ್ ಅಂತ ನಾವು ಕರೆಯುವ ಎಲ್‌ಡಿಎಲ್ ಕಣಗಳು ಗೋಡೆಯ ಒಳಪದರಕ್ಕೆ ನುಸುಳುತ್ತವೆ. ಅಲ್ಲಿ ಉರಿಯೂತ ಶುರುವಾಗುತ್ತದೆ. ಅದನ್ನು ತೆಗೆಯಲು ಬಂದ ರಕ್ಷಣಾ ಕೋಶಗಳು ಕೊಬ್ಬು ನುಂಗಿ ಅಲ್ಲೇ ಸಾಯುತ್ತವೆ. ಹೀಗೆ ಗೋಡೆಯಲ್ಲಿ ಕೊಬ್ಬಿನ ಗಡ್ಡೆ ಬೆಳೆದು, ಸತ್ತ ಕೋಶಗಳ ಜಾಗದಲ್ಲಿ ಕ್ಯಾಲ್ಸಿಯಂ ಹರಳು ಹುಟ್ಟುತ್ತದೆ. ಹಳೇ ಗಾಯದ ಮೇಲೆ ಹಕ್ಕಳೆ ಕಟ್ಟಿದ ಹಾಗೆ. ಎರಡನೆಯದು ಗೋಡೆಯ ನಡುಪದರದ ದಾರಿ. ಜೋಹಾನ್ ಮೊಂಕೆಬರ್ಗ್ ಎಂಬ ಜರ್ಮನ್ ವೈದ್ಯ 1903ರಲ್ಲಿ ಇದನ್ನು ವಿವರಿಸಿದರು. ಇಲ್ಲಿ ಕೊಬ್ಬಿನ ಗಡ್ಡೆಯೇ ಬೇಕಿಲ್ಲ. ಬಹಳ ವರ್ಷದ ಸಕ್ಕರೆ ಕಾಯಿಲೆ, ಕಿಡ್ನಿ ವೈಫಲ್ಯ ಇದ್ದವರಲ್ಲಿ ನಾಳದ ಸ್ನಾಯು ಪದರವೇ ಗಡುಸಾಗುತ್ತಾ ಹೋಗುತ್ತದೆ.

ಎರಡೂ ದಾರಿಗಳಲ್ಲಿ ನಡೆಯುವ ಒಂದು ವಿಚಿತ್ರ ಇದೆ. ಗೋಡೆಯಲ್ಲಿರುವ ಸ್ನಾಯು ಕೋಶಗಳು ತಮ್ಮ ಕಸುಬು ಬದಲಿಸುತ್ತವೆ. ಮೂಳೆ ಕಟ್ಟುವ ಕೋಶಗಳ ಹಾಗೆ ನಡೆದುಕೊಳ್ಳತೊಡಗುತ್ತವೆ. 1993ರಲ್ಲಿ ಅಮೆರಿಕದ ಲಾಸ್ ಏಂಜಲೀಸ್‌ನಲ್ಲಿ ಲಿಂಡಾ ಡೆಮರ್ ಅವರ ತಂಡ, ಮೂಳೆ ಬೆಳೆಸುವ ಒಂದು ಪ್ರೋಟೀನು ರಕ್ತನಾಳದ ಗಡ್ಡೆಯೊಳಗೇ ತಯಾರಾಗುತ್ತಿರುವುದನ್ನು ತೋರಿಸಿತು. ಅಲ್ಲಿಯವರೆಗೆ ಬಹಳಷ್ಟು ಜನ ಇದನ್ನು ವಯಸ್ಸಾದಂತೆ ತಾನಾಗಿ ಆಗುವ ಸವೆತ ಅಂದುಕೊಂಡಿದ್ದರು. ಈಗ ಗೊತ್ತಿರುವುದು ಇದು ಕೋಶಗಳು ಮುಂದೆ ನಿಂತು ಮಾಡಿಸುವ ಕೆಲಸ ಅಂತ. ಇದನ್ನು ತಡೆಯುವ ಕಾವಲುಗಾರರೂ ದೇಹದಲ್ಲಿದ್ದಾರೆ. ಮ್ಯಾಟ್ರಿಕ್ಸ್ ಗ್ಲಾ ಪ್ರೋಟೀನ್ ಅಂಥ ಒಂದು. 1997ರಲ್ಲಿ ಆ ಒಂದು ಪ್ರೋಟೀನ್ ಇಲ್ಲದ ಹಾಗೆ ಇಲಿಗಳನ್ನು ಬೆಳೆಸಿ ನೋಡಿದರು. ಅವುಗಳ ನಾಳಗಳು ಗಡುಸಾಗಿ, ಅಯೋರ್ಟಾ ಒಡೆದು, ಎರಡು ತಿಂಗಳೊಳಗೆ ಸತ್ತವು.

ಅಂದರೆ ಪ್ರಶ್ನೆ ಕ್ಯಾಲ್ಸಿಯಂ ಎಲ್ಲಿಂದ ಬಂತು ಅಂತಲ್ಲ. ಗೋಡೆಗೆ ಪೆಟ್ಟು ಯಾವುದರಿಂದ ಬಿತ್ತು ಅಂತ ಕೇಳಬೇಕು.

ಫೇರೋನ ಅಯೋರ್ಟಾ, ಬೊಲಿವಿಯದ ಕಾಡಿನ ಜನ

ಇದು ಇತ್ತೀಚಿನ ಕಾಯಿಲೆ, ಎಲ್ಲಾ ಹೊರಗಿನ ಊಟದಿಂದ ಬಂದಿದ್ದು ಅನ್ನುವವರಿದ್ದಾರೆ. 1909ರಲ್ಲಿ ಲಂಡನ್‌ನ ಸ್ಯಾಮ್ಯುಯಲ್ ಶಾಟಕ್ ಅವರ ಕೈಗೆ ಈಜಿಪ್ಟಿನ ಫೇರೋ ಮೆರ್ನೆಪ್ಟಾನ ಅಯೋರ್ಟಾದ ತುಂಡು ಬಂತು. ಸತ್ತು ಮೂರು ಸಾವಿರ ವರ್ಷ ದಾಟಿದ ರಾಜ. ಸೂಕ್ಷ್ಮದರ್ಶಕದಲ್ಲಿ ನೋಡಿದರೆ ಗೋಡೆಯಲ್ಲಿ ಕ್ಯಾಲ್ಸಿಯಂ ಇತ್ತು. 2013ರಲ್ಲಿ ಈಜಿಪ್ಟ್, ಪೆರು, ಅಮೆರಿಕದ ನೈರುತ್ಯ ಭಾಗ ಮತ್ತು ಅಲ್ಯೂಷಿಯನ್ ದ್ವೀಪಗಳ 137 ಮಮ್ಮಿಗಳನ್ನು ಸಿಟಿ ಸ್ಕ್ಯಾನ್ ಮಾಡಿದ ವರದಿ ಬಂತು. ಶೇ. 34ರಲ್ಲಿ ನಾಳ ಗಡುಸಾದ ಗುರುತು ಸಿಕ್ಕಿತು. ಅವರಲ್ಲಿ ಬೇಟೆಯಾಡಿ, ಮೀನು ಹಿಡಿದು ಬದುಕಿದವರೂ ಇದ್ದರು.

ಹಾಗಾದರೆ ತಪ್ಪಿಸಿಕೊಳ್ಳುವಂತಿಲ್ಲವಾ? ಹಾಗೂ ಅಲ್ಲ. ಬೊಲಿವಿಯದ ಅಮೆಜಾನ್ ಕಾಡಂಚಿನಲ್ಲಿ ಚಿಮಾನೆ ಎಂಬ ಜನ ಇದ್ದಾರೆ. ಬೇಸಾಯ, ಬೇಟೆ, ಮೀನುಗಾರಿಕೆ ಅವರ ಬದುಕು. ದಿನದ ಬಹುಪಾಲು ಮೈ ಆಡಿಸುತ್ತಲೇ ಇರುತ್ತಾರೆ. 2017ರಲ್ಲಿ ಅಲ್ಲಿಯ 40 ವರ್ಷ ದಾಟಿದ 705 ಜನರ ಹೃದಯದ ನಾಳಗಳ ಕ್ಯಾಲ್ಸಿಯಂ ಅಳೆದ ವರದಿ ಬಂತು. ಶೇ. 85 ಜನಕ್ಕೆ ಸೊನ್ನೆ. 75 ದಾಟಿದವರಲ್ಲೂ ಮೂರರಲ್ಲಿ ಇಬ್ಬರಿಗೆ ಹೆಚ್ಚುಕಡಿಮೆ ಸೊನ್ನೆಯೇ. ವಯಸ್ಸಾದ ಮೇಲೆ ಇದೆಲ್ಲಾ ಮಾಮೂಲು ಅಂತ ಯಾರಾದರೂ ಅಂದರೆ ನನಗೆ ಈ ಜನ ನೆನಪಾಗುತ್ತಾರೆ.

ಆ ಬಿಳಿ ಗೆರೆ ಏನು ಹೇಳುತ್ತದೆ

ಹೊಟ್ಟೆ ಭಾಗದ ಅಯೋರ್ಟಾ ಈ ಕಾಯಿಲೆ ಬೇಗ ಕಾಣಿಸಿಕೊಳ್ಳುವ ಜಾಗಗಳಲ್ಲಿ ಒಂದು. ಅಮೆರಿಕದ ಫ್ರೇಮಿಂಗ್‌ಹ್ಯಾಮ್ ಎಂಬ ಊರಿನಲ್ಲಿ 1948ರಿಂದ ಹೃದಯದ ಅಧ್ಯಯನ ನಡೆಯುತ್ತಿದೆ. ಅಲ್ಲಿಯ ಜನರ ಹಳೇ ಬೆನ್ನಿನ ಎಕ್ಸ್-ರೇಗಳನ್ನೇ ತೆಗೆದು 1997ರಲ್ಲಿ ಒಂದು ಅಂಕ ಪದ್ಧತಿ ಮಾಡಿದರು. ಸೊಂಟದ ಮೊದಲ ನಾಲ್ಕು ಮೂಳೆಗಳ ಎದುರು, ಅಯೋರ್ಟಾದ ಮುಂದಿನ ಮತ್ತು ಹಿಂದಿನ ಗೋಡೆಗೆ 0ರಿಂದ 3ರವರೆಗೆ ಅಂಕ. ಒಟ್ಟು 24. ಅಂಕ ಜಾಸ್ತಿ ಇದ್ದವರಲ್ಲಿ ಮುಂದಿನ ವರ್ಷಗಳಲ್ಲಿ ಹೃದಯಾಘಾತ, ಪಾರ್ಶ್ವವಾಯು, ಹೃದಯ ವೈಫಲ್ಯ ಹೆಚ್ಚಾಗಿ ಕಂಡವು. ಹಲವು ದೇಶಗಳ ಇಂಥ ಅಧ್ಯಯನಗಳನ್ನು ಒಟ್ಟುಗೂಡಿಸಿ 2021ರಲ್ಲಿ ಬಂದ ವಿಶ್ಲೇಷಣೆಯ ಪ್ರಕಾರ, ಹೊಟ್ಟೆಯ ಅಯೋರ್ಟಾದಲ್ಲಿ ಕ್ಯಾಲ್ಸಿಯಂ ಇದ್ದವರಿಗೆ ಇಲ್ಲದವರಿಗಿಂತ ಹೃದಯ ಮತ್ತು ರಕ್ತನಾಳದ ಅವಘಡದ ಸಾಧ್ಯತೆ ಎರಡರಿಂದ ನಾಲ್ಕು ಪಟ್ಟು.

ಇದನ್ನು ಸರಿಯಾಗಿ ಓದಿಕೊಳ್ಳಬೇಕು. ಹೃದಯಾಘಾತ ಮಾಡುವುದು ಆ ಬಿಳಿ ಗೆರೆ ಅಲ್ಲ. ಹೊಟ್ಟೆಯಲ್ಲಿ ಗೋಡೆ ಹೀಗಾಗಿದ್ದರೆ, ಅದೇ ಎಲ್‌ಡಿಎಲ್, ಅದೇ ಬಿ.ಪಿ., ಅದೇ ಹೊಗೆ ಹೃದಯದ ಸಣ್ಣ ನಾಳಗಳಿಗೂ ಇಷ್ಟು ವರ್ಷ ತಾಗಿದೆ ಅಂತ ಅರ್ಥ. ಎಕ್ಸ್-ರೇ ಚಿತ್ರ ಹೊಟ್ಟೆಯದು, ಸಮಾಚಾರ ಇಡೀ ಮೈಯ ನಾಳಗಳದ್ದು.

ಎದೆಯ ಎಕ್ಸ್-ರೇಯಲ್ಲೂ ಇದು ಕಾಣುತ್ತದೆ. ಅಯೋರ್ಟಾ ಬಾಗುವ ಜಾಗದಲ್ಲಿ ಕುಡುಗೋಲಿನ ಹಾಗೆ ಸಣ್ಣ ಬಿಳಿ ಅಂಚು. ಮೇಲ್ಭಾಗದ ಅಯೋರ್ಟಾ ಸುತ್ತಲೂ ಪೂರ್ತಿ ಗಡುಸಾದರೆ ಅದಕ್ಕೆ ಪೋರ್ಸಲೀನ್ ಅಯೋರ್ಟಾ ಅನ್ನುತ್ತಾರೆ, ಪಿಂಗಾಣಿಯ ಹಾಗೆ ಆಗಿದೆ ಅಂತ. ಅಂಥವರಿಗೆ ಬೈಪಾಸ್ ಮಾಡುವಾಗ ಸರ್ಜನ್‌ಗಳು ಅಯೋರ್ಟಾಗೆ ಕ್ಲಾಂಪ್ (ನಾಳ ಒತ್ತಿ ಹಿಡಿಯುವ ಇಕ್ಕಳ) ಹಾಕಲು ಹೆದರುತ್ತಾರೆ. ಚೂರು ಒಡೆದು ಮೆದುಳಿಗೆ ಹೋದರೆ ಪಾರ್ಶ್ವವಾಯು. ಅದಕ್ಕೇ ಮೊದಲೇ ಸಿಟಿ ನೋಡಿ ದಾರಿ ಬದಲಿಸುತ್ತಾರೆ.

ಈಗ ಹೆಲ್ತ್ ಚೆಕಪ್ ಪ್ಯಾಕೇಜುಗಳಲ್ಲಿ ಬರುವ 'ಕ್ಯಾಲ್ಸಿಯಂ ಸ್ಕೋರ್' ವಿಷಯ. ಅದು ಅಯೋರ್ಟಾದ್ದಲ್ಲ, ಕರೋನರಿ ನಾಳಗಳದ್ದು. ಅಮೆರಿಕದ ಹೃದ್ರೋಗ ತಜ್ಞ ಆರ್ಥರ್ ಅಗಾಟ್‌ಸ್ಟನ್ 1990ರಲ್ಲಿ ಜೊತೆಗಾರರೊಂದಿಗೆ ರೂಪಿಸಿದ ಲೆಕ್ಕ. ಸೊನ್ನೆ ಬಂದರೆ ಸದ್ಯಕ್ಕೆ ಅಪಾಯ ಕಡಿಮೆ. 100 ದಾಟಿದರೆ ಔಷಧಿ ಬಗ್ಗೆ ಗಂಭೀರವಾಗಿ ಯೋಚಿಸಬೇಕು. 300 ದಾಟಿದವರಿಗೆ ಸೊನ್ನೆ ಇದ್ದವರಿಗಿಂತ ಕರೋನರಿ ನಾಳದ ಅವಘಡದ ಸಾಧ್ಯತೆ ಹತ್ತಿರ ಹತ್ತಿರ ಹತ್ತು ಪಟ್ಟು ಎಂದು 2008ರಲ್ಲಿ ಅಮೆರಿಕದ ಒಂದು ದೊಡ್ಡ ಅಧ್ಯಯನ ಹೇಳಿತು. ಆ ಅಧ್ಯಯನದ 6,814 ಜನರಲ್ಲಿ ಬಿಳಿಯರು, ಕರಿಯರು, ಹಿಸ್ಪಾನಿಕ್ ಜನ, ಚೀನೀ ಮೂಲದವರು ಇದ್ದರು. ನಮ್ಮವರು ಇರಲಿಲ್ಲ. ಆ ಕೊರತೆ ತುಂಬಲು 2010ರಲ್ಲಿ ಸ್ಯಾನ್ ಫ್ರಾನ್ಸಿಸ್ಕೋ ಮತ್ತು ಷಿಕಾಗೊ ಸುತ್ತಲಿನ ದಕ್ಷಿಣ ಏಷ್ಯಾ ಮೂಲದ 906 ಜನರನ್ನು ಸೇರಿಸಿ 'ಮಸಾಲಾ' ಹೆಸರಿನ ಅಧ್ಯಯನ ಶುರುವಾಯಿತು. ನಮ್ಮ ಗಂಡಸರ ನಾಳದ ಕ್ಯಾಲ್ಸಿಯಂ ಬಿಳಿಯ ಗಂಡಸರಷ್ಟೇ ಇದೆ ಅಂತ ಅಲ್ಲಿ ಕಂಡಿತು. ಉಳಿದ ಗುಂಪುಗಳಿಗಿಂತ ಜಾಸ್ತಿ. ಸಸ್ಯಾಹಾರಿ, ತೆಳ್ಳಗಿದ್ದೇನೆ, ನನಗೇನು ಅನ್ನುವ ಸ್ಯಾನ್ ಫ್ರಾನ್ಸಿಸ್ಕೋ ಕಡೆಯ ಕನ್ನಡಿಗರಿಗೂ ಇದು ಅನ್ವಯಿಸುತ್ತದೆ.

ಆದರೆ ಹಾಸನದ ಸುದ್ದಿ ಕೇಳಿ 28 ವರ್ಷದ ಹುಡುಗ ಕ್ಯಾಲ್ಸಿಯಂ ಸ್ಕೋರ್ ಮಾಡಿಸಿಕೊಂಡು, ಸೊನ್ನೆ ಬಂತು ಅಂತ ಸಿಗರೇಟ್ ಹಚ್ಚಿದರೆ ಅಪಾಯ. ಕ್ಯಾಲ್ಸಿಯಂ ಕಾಣಿಸಿಕೊಳ್ಳುವುದು ಹಳೇ ಗಾಯದಲ್ಲಿ. ಚಿಕ್ಕ ವಯಸ್ಸಿನವರ ಗಡ್ಡೆ ಮೆತ್ತಗಿರುತ್ತದೆ, ಕೊಬ್ಬು ತುಂಬಿರುತ್ತದೆ. ಅದು ಒಡೆದು ಮೇಲೆ ರಕ್ತ ಹೆಪ್ಪುಗಟ್ಟಿದರೆ ಹೃದಯಾಘಾತ. ಈ ಸ್ಕ್ಯಾನ್‌ಗೆ ಆ ಮೆತ್ತನೆಯ ಗಡ್ಡೆ ಕಾಣುವುದೇ ಇಲ್ಲ. 52 ದೇಶಗಳಲ್ಲಿ ನಡೆದ ಇಂಟರ್‌ಹಾರ್ಟ್ ಅಧ್ಯಯನದಲ್ಲಿ ದಕ್ಷಿಣ ಏಷ್ಯಾದವರಿಗೆ ಮೊದಲ ಹೃದಯಾಘಾತ ಆಗುವ ನಡುವಯಸ್ಸು 53, ಉಳಿದವರಿಗೆ ಸುಮಾರು 59 ಅಂತ ಕಂಡಿತ್ತು. ನಮ್ಮಲ್ಲಿ ಬೇಗ ಬರುತ್ತದೆ. ಅದಕ್ಕೇ ಮೂವತ್ತರ ಹರೆಯದಲ್ಲಿ ಸ್ಕೋರಿಗಿಂತ ಬಿ.ಪಿ., ಎಲ್‌ಡಿಎಲ್, ಶುಗರ್, ತಂಬಾಕು, ಅಪ್ಪ ಅಮ್ಮನಿಗೆ ಯಾವ ವಯಸ್ಸಿಗೆ ಏನಾಯಿತು ಅನ್ನುವುದೇ ಹೆಚ್ಚು ಹೇಳುತ್ತದೆ.

ಮುದ್ದೆ, ಮಾತ್ರೆ, ಇಂಜೆಕ್ಷನ್

ನೂರು ಗ್ರಾಂ ರಾಗಿಯಲ್ಲಿ ಸುಮಾರು 350 ಮಿ.ಗ್ರಾಂ ಕ್ಯಾಲ್ಸಿಯಂ ಇದೆ. ಹಾಲಿನಲ್ಲಿ ಅದರ ಮೂರನೇ ಒಂದು ಭಾಗ, ಅಕ್ಕಿಯಲ್ಲಿ ಲೆಕ್ಕಕ್ಕಿಲ್ಲದಷ್ಟು. ಊಟದಿಂದ ಬರುವ ಈ ಕ್ಯಾಲ್ಸಿಯಂ ನಾಳ ಕೆಡಿಸುತ್ತದೆ ಎನ್ನಲು ಆಧಾರ ಇಲ್ಲ. ಅಮೆರಿಕದ ಅದೇ ದೊಡ್ಡ ಅಧ್ಯಯನದ ಜನರನ್ನು ಹತ್ತು ವರ್ಷ ನೋಡಿ 2016ರಲ್ಲಿ ಬಂದ ವರದಿಯಲ್ಲಿ, ಊಟದಿಂದ ಹೆಚ್ಚು ಕ್ಯಾಲ್ಸಿಯಂ ಪಡೆದವರಲ್ಲಿ ಹೃದಯದ ನಾಳದ ಕ್ಯಾಲ್ಸಿಯಂ ಹೊಸದಾಗಿ ಶುರುವಾಗುವುದು ಕಡಿಮೆಯೇ ಇತ್ತು. ಚಿಕ್ಕಪ್ಪ ಮುದ್ದೆ ಬಿಟ್ಟು ಅನ್ನಕ್ಕೆ ಹೋಗಿದ್ದರಿಂದ ನಾರಿನಂಶ ಕಡಿಮೆಯಾಯಿತು, ಶುಗರ್ ಏರಿತು. ನಾಳಕ್ಕೆ ನಷ್ಟವೇ ಆಯಿತು. ಸುಣ್ಣದ ಕಥೆಯೂ ಅಷ್ಟೇ. ಅಡಿಕೆ ಬಿಟ್ಟರೆ ಬಾಯಿಗೆ ಒಳ್ಳೆಯದು, ಆ ಕಾರಣಕ್ಕೆ ಬಿಡಲಿ.

ಕ್ಯಾಲ್ಸಿಯಂ ಮಾತ್ರೆಯ ವಿಷಯ ಇಷ್ಟು ಸರಳ ಅಲ್ಲ. ನ್ಯೂಜಿಲೆಂಡಿನ ತಂಡವೊಂದು 2010ರಲ್ಲಿ, ಮಾತ್ರೆ ತಗೊಂಡವರಲ್ಲಿ ಹೃದಯಾಘಾತ ಸುಮಾರು ಶೇ. 30ರಷ್ಟು ಹೆಚ್ಚು ಎಂದಿತು. ಬೇರೆ ತಜ್ಞರು ಒಪ್ಪಲಿಲ್ಲ. ಆ ವಾದ ಇನ್ನೂ ನಡೆದೇ ಇದೆ. ನನ್ನ ಅಭಿಪ್ರಾಯ ಕೇಳಿದರೆ, ಮೂಳೆ ಸವೆತಕ್ಕೆ ಡಾಕ್ಟರು ಬರೆದುಕೊಟ್ಟಿದ್ದರೆ ನೀವಾಗೇ ನಿಲ್ಲಿಸಬೇಡಿ. 'ಶಕ್ತಿಗೆ' ಅಂತ ಅಂಗಡಿಯಿಂದ ತಂದು ವರ್ಷಾನುಗಟ್ಟಲೆ ನುಂಗುತ್ತಿದ್ದರೆ ಒಮ್ಮೆ ಕೇಳಿ. ನನಗೆ ಇದಕ್ಕಿಂತ ಆತಂಕ ಇರುವುದು ವಿಟಮಿನ್ ಡಿ ಬಗ್ಗೆ. 60,000 ಯೂನಿಟ್‌ನ ವಾರದ ಪುಡಿಯನ್ನು ಎಂಟು ವಾರಕ್ಕೆ ಅಂತ ಬರೆದುಕೊಟ್ಟಿರುತ್ತಾರೆ. ಅದು ಎರಡು ವರ್ಷ ನಡೆಯುತ್ತದೆ. ಮಧ್ಯೆ ಯಾರೋ ಆರು ಲಕ್ಷ ಯೂನಿಟ್‌ನ ಇಂಜೆಕ್ಷನ್ನೂ ಕೊಟ್ಟಿರುತ್ತಾರೆ. ಡಿ ಅತಿಯಾದರೆ ರಕ್ತದ ಕ್ಯಾಲ್ಸಿಯಂ ನಿಜವಾಗಿಯೂ ಏರುತ್ತದೆ. ಕಿಡ್ನಿಗೂ ನಾಳಕ್ಕೂ ಆಗ ಪೆಟ್ಟು.

ಇನ್ನೊಂದು ಗೋಜಲು ಹೆಂಗಸರಿಗೆ ಸಂಬಂಧಿಸಿದ್ದು. ಮುಟ್ಟು ನಿಂತ ಮೇಲೆ ಮೂಳೆ ಟೊಳ್ಳಾಗುವವರಲ್ಲೇ ಅಯೋರ್ಟಾ ಗಡುಸಾಗುವುದು ಹೆಚ್ಚು. ಒಂದು ಕಡೆ ಕ್ಯಾಲ್ಸಿಯಂ ಹೋಗುತ್ತದೆ, ಇನ್ನೊಂದು ಕಡೆ ಸೇರುತ್ತದೆ. ಹೀಗಾಗಿ ಮೂಳೆ ಸಾಂದ್ರತೆ ನೋಡುವ ಡೆಕ್ಸಾ ಯಂತ್ರದಲ್ಲೇ ಬೆನ್ನನ್ನು ಪಕ್ಕದಿಂದ ನೋಡಿ ಅಯೋರ್ಟಾದ ಅಂಕವನ್ನೂ ತೆಗೆಯಬಹುದು. ಆಸ್ಟ್ರೇಲಿಯಾದ ಸಂಶೋಧಕರು ಈ ಅಂಕವನ್ನು ಕಂಪ್ಯೂಟರೇ ಲೆಕ್ಕ ಹಾಕುವ ಹಾಗೆ ಮಾಡಿದ್ದಾರೆ. ಹೆಂಗಸರ ಎದೆನೋವನ್ನು ಗ್ಯಾಸ್ ಅಂತ ಕಳಿಸಿಬಿಡುವ ನಮ್ಮ ಕಡೆ ಇಂಥದ್ದು ಬಂದರೆ ದೊಡ್ಡ ಉಪಕಾರ.

ತೊಳೆದು ತೆಗೆಯುತ್ತೇವೆ ಅನ್ನುವವರು

ಆಪರೇಷನ್ ಇಲ್ಲದೆ ನಾಳ ಸ್ವಚ್ಛ ಮಾಡುತ್ತೇವೆ ಎನ್ನುವ ಜಾಹೀರಾತು ನೀವೂ ನೋಡಿರುತ್ತೀರಿ. ಅದರಲ್ಲಿ ಒಂದು ಕೀಲೇಷನ್. ಇಡಿಟಿಎ ಎಂಬ ರಾಸಾಯನಿಕವನ್ನು ಡ್ರಿಪ್‌ನಲ್ಲಿ ಕೊಟ್ಟು ಕ್ಯಾಲ್ಸಿಯಂ ಎಳೆದು ತೆಗೆಯುತ್ತೇವೆ ಅನ್ನುತ್ತಾರೆ. ಇದನ್ನು ನ್ಯಾಯವಾಗಿ ಪರೀಕ್ಷೆ ಮಾಡಿದ್ದಾರೆ. 2013ರಲ್ಲಿ ಸಕ್ಕರೆ ಕಾಯಿಲೆ ಇದ್ದವರಿಗೆ ಸ್ವಲ್ಪ ಲಾಭ ಇರಬಹುದು ಅನಿಸಿತ್ತು. ಹಾಗಾಗಿ ಒಮ್ಮೆ ಹೃದಯಾಘಾತವಾದ, ಸಕ್ಕರೆ ಕಾಯಿಲೆಯೂ ಇದ್ದ ಸುಮಾರು ಸಾವಿರ ಜನರ ಮೇಲೆ ಮತ್ತೆ ಮಾಡಿದರು. ವಾರಕ್ಕೊಂದರಂತೆ 40 ಡ್ರಿಪ್. 2024ರಲ್ಲಿ ಫಲಿತಾಂಶ ಬಂತು, ಹೃದಯದ ಅವಘಡಗಳು ಕಡಿಮೆಯಾಗಲಿಲ್ಲ. ವಿಟಮಿನ್ ಕೆ2 ಬಗ್ಗೆಯೂ ಆಸೆ ಇತ್ತು. ಆ ಕಾವಲುಗಾರ ಪ್ರೋಟೀನಿಗೆ ವಿಟಮಿನ್ ಕೆ ಬೇಕು, ಲೆಕ್ಕ ಸರಿಯಾಗೇ ಇತ್ತು. ಡೆನ್ಮಾರ್ಕ್‌ನಲ್ಲಿ ಅಯೋರ್ಟಾದ ಕವಾಟ ಗಡುಸಾಗಿದ್ದ 365 ಗಂಡಸರಿಗೆ ಎರಡು ವರ್ಷ ಕೊಟ್ಟು ನೋಡಿದರು. 2022ರಲ್ಲಿ ಬಂದ ಉತ್ತರ, ವ್ಯತ್ಯಾಸ ಇಲ್ಲ. (ರಕ್ತ ಹೆಪ್ಪುಗಟ್ಟದಂತೆ ತಡೆಯುವ ವಾರ್ಫರಿನ್ ಥರದ ಮಾತ್ರೆ ವಿಟಮಿನ್ ಕೆಗೆ ಅಡ್ಡ ಬರುತ್ತದೆ ಅಂತ ಕೃತಕ ಕವಾಟ ಹಾಕಿಸಿಕೊಂಡವರು ಅದನ್ನು ಬಿಡಬಾರದು. ಬಿಟ್ಟರೆ ಕವಾಟದಲ್ಲೇ ರಕ್ತ ಹೆಪ್ಪುಗಟ್ಟುತ್ತದೆ.)

ಇಲ್ಲಿ ಎಲ್ಲರನ್ನೂ ಗೊಂದಲ ಮಾಡುವ ಒಂದು ಸಂಗತಿ ಇದೆ. ಕೊಲೆಸ್ಟರಾಲ್ ಇಳಿಸುವ ಸ್ಟ್ಯಾಟಿನ್ ಮಾತ್ರೆ ತಗೊಂಡರೆ ಹೃದಯಾಘಾತ ಕಡಿಮೆಯಾಗುತ್ತದೆ, ಆದರೆ ಕ್ಯಾಲ್ಸಿಯಂ ಸ್ಕೋರ್ ಏರಬಹುದು! ಮೆತ್ತನೆಯ ಕೊಬ್ಬು ಕರಗಿ, ಉಳಿದದ್ದು ಗಟ್ಟಿಯಾಗಿ ಕೂರುತ್ತದೆ. ಗಟ್ಟಿಯಾದ ಗಡ್ಡೆ ಒಡೆಯುವುದು ಕಡಿಮೆ. ವರ್ಷಕ್ಕೊಮ್ಮೆ ಸ್ಕ್ಯಾನ್ ಮಾಡಿಸಿ, ಸ್ಕೋರ್ ಏರಿತು ಅಂತ ಹೆದರಿ ಮಾತ್ರೆ ಬಿಟ್ಟವರನ್ನು ನಾನು ಬಲ್ಲೆ. ಅದು ತಪ್ಪು. ಒಮ್ಮೆ ಕಂಡ ಮೇಲೆ ಮತ್ತೆ ಮತ್ತೆ ಅಳೆಯುವುದರಿಂದ ಪ್ರಯೋಜನ ಕಡಿಮೆ.

ಮಾಡಬಹುದಾದ್ದು ಹಳೆಯದೇ, ಆದರೆ ಬಿಗಿಯಾಗಿ ಮಾಡಬೇಕು. ಚಿಕ್ಕಪ್ಪನನ್ನು ಬೇರೆ ಡಾಕ್ಟರ ಹತ್ತಿರ ಕರೆದುಕೊಂಡು ಹೋದೆವು. ಆಕೆ ಫಿಲ್ಮ್ ನೋಡಿ, ರಿಪೋರ್ಟಿನ ಕೊನೆಯ ಸಾಲಿಗೆ ಪೆನ್ನಿನಲ್ಲಿ ಸುತ್ತು ಹಾಕಿದರು. ಸ್ವಲ್ಪ ದೂರ ನಡೆದರೆ ಮೀನಖಂಡ ಹಿಡಿಯುತ್ತದಾ, ನಿಂತರೆ ಬಿಡುತ್ತದಾ ಎಂದು ಕೇಳಿದರು. ಕಾಲಿನ ನಾಳ ಕಟ್ಟಿದ್ದರೆ ಹಾಗಾಗುತ್ತದೆ. ಹೊಟ್ಟೆಯ ಅಲ್ಟ್ರಾಸೌಂಡ್ ಮಾಡಿಸಿದರು, ಅಯೋರ್ಟಾ ಎಲ್ಲಾದರೂ ಉಬ್ಬಿದೆಯಾ ನೋಡಲು. 65 ದಾಟಿದ, ಬೀಡಿ ಸಿಗರೇಟು ಸೇದಿದ ಗಂಡಸರಿಗೆ ಅದೊಂದು ಸಲ ನೋಡಿಸುವುದು ಒಳ್ಳೆಯದಂತೆ. ಉಬ್ಬಿರಲಿಲ್ಲ. ಕಿಡ್ನಿ ನೋಡಲು ಕ್ರಿಯಾಟಿನಿನ್, ಮೂತ್ರದಲ್ಲಿ ಪ್ರೋಟೀನ್, ಜೊತೆಗೆ ಎಲ್‌ಡಿಎಲ್ ಪರೀಕ್ಷೆ ಬರೆದರು. ಕಿಡ್ನಿ ಯಾಕೆ ಅಂತ ಚಿಕ್ಕಮ್ಮ ಕೇಳಿದರು. ಕಿಡ್ನಿ ಸೋತರೆ ರಕ್ತದಲ್ಲಿ ಫಾಸ್ಫೇಟ್ ಉಳಿದು ನಾಳ ಇನ್ನೂ ಬೇಗ ಗಡುಸಾಗುತ್ತದೆ, ಡಯಾಲಿಸಿಸ್ ಮಾಡಿಸಿಕೊಳ್ಳುವವರಲ್ಲಿ ಹೆಚ್ಚಿನ ಸಾವು ಹೃದಯದಿಂದಲೇ ಅಂತ ಆಕೆ ನಿಧಾನವಾಗಿ ವಿವರಿಸಿದರು. ಸ್ಟ್ಯಾಟಿನ್ ಶುರುವಾಯಿತು. ಬಿ.ಪಿ.ಗೆ ಒಂದರ ಬದಲು ಎರಡು ಮಾತ್ರೆ, ಕೆಳಗಿನ ಸಂಖ್ಯೆ ತೀರಾ ಬೀಳದ ಹಾಗೆ ನೋಡಿಕೊಂಡು. ಬೀಡಿ ಬಗ್ಗೆ ಅವರು ಬೈಯಲಿಲ್ಲ. "ಯಾವತ್ತು ಬಿಡ್ತೀರಿ, ತಾರೀಖು ಹೇಳಿ" ಅಂದು ಚೀಟಿ ಮೇಲೇ ಬರೆದುಕೊಂಡರು.

ಇಡೀ ಭೇಟಿ ಇಪ್ಪತ್ತು ನಿಮಿಷ ಹಿಡಿಯಿತು. ಹೊಸ ಸ್ಕ್ಯಾನ್ ಅಂತ ಆಗಿದ್ದು ಆ ಅಲ್ಟ್ರಾಸೌಂಡ್ ಒಂದೇ. ಮೊದಲ ಆಸ್ಪತ್ರೆಯಲ್ಲಿ ಇದಾಗಲಿಲ್ಲ ಯಾಕೆ ಎಂದು ಯೋಚಿಸಿದ್ದೇನೆ. ಎಕ್ಸ್-ರೇ ಓದುವವರು ಬರೆಯುತ್ತಾರೆ. ಬೆನ್ನು ನೋಡುವವರು ಬೆನ್ನಷ್ಟೇ ನೋಡುತ್ತಾರೆ. ಹೊರಗೆ ಇನ್ನೂ ನಲವತ್ತು ಜನ ಕಾಯುತ್ತಿರುತ್ತಾರೆ. ರಿಪೋರ್ಟು ಇಂಗ್ಲಿಷಿನಲ್ಲಿ ಇರುತ್ತದೆ. ಕೊನೆಯಲ್ಲಿ ಕನ್ನಡದಲ್ಲಿ ಒಂದೇ ಒಂದು ಸಾಲು, 'ರಕ್ತನಾಳದ ಗೋಡೆ ಗಡುಸಾಗಿದೆ, ಬಿ.ಪಿ., ಶುಗರ್, ಕೊಲೆಸ್ಟರಾಲ್ ತೋರಿಸಿಕೊಳ್ಳಿ' ಅಂತ ಅಚ್ಚು ಹಾಕಿಸಲು ಯಂತ್ರ ಬೇಡ, ಬಜೆಟ್ ಬೇಡ. ಹೃದಯದ ಬಗ್ಗೆ ಇಷ್ಟು ಗಾಬರಿಪಟ್ಟ ರಾಜ್ಯದಲ್ಲಿ ಇದನ್ನು ಯಾಕೆ ಶುರು ಮಾಡಬಾರದು?

ಚಿಕ್ಕಪ್ಪನ ಮನೆಯಲ್ಲಿ ಮುದ್ದೆ ವಾಪಸ್ ಬಂದಿದೆ, ಜೊತೆಗೆ ಉಪ್ಪು ಕಡಿಮೆ ಮಾಡಿದ ಸೊಪ್ಪಿನ ಸಾರು. ಹೋದ ತಿಂಗಳು ಬಿ.ಪಿ. 142, ಕೆಳಗೆ 68. ಬೀಡಿ ಬರೆದುಕೊಟ್ಟ ತಾರೀಖಿಗೆ ಹೋಗಲಿಲ್ಲ, ಅದಾಗಿ ಮೂರು ವಾರಕ್ಕೆ ಹೋಯಿತು. ಮುಂದಿನ ವಾರ ಚಿಕ್ಕಮ್ಮನಿಗೆ ಡೆಕ್ಸಾ ಇದೆ. ಡಾಕ್ಟರಿಗೆ ಕೇಳಬೇಕಾದ್ದನ್ನು ಕ್ಯಾಲೆಂಡರಿನ ಹಿಂದೆ ಬರೆದಿಟ್ಟುಕೊಂಡಿದ್ದಾರೆ. ಮೊದಲನೆಯದು ಮಂಡಿ ನೋವು. ಎರಡನೆಯದು, ಅಯೋರ್ಟಾ ಬಗ್ಗೆ ಏನಾದರೂ ಕಾಣುತ್ತಾ ಕೇಳೋದು.